ಮೂರಕ್ಷರದ ಮರ್ಯಾದೆ

ಅಮೆರಿಕದ ದಕ್ಷಿಣದಲ್ಲಿರುವ ಲಾಕ್ರಿಜ್ ಊರಿನಲ್ಲಿ ನಮ್ಮ ಹೆಂಗಸರ ತಲೆಗಳೆಲ್ಲ ಲುವೀನಿಯಮ್ಮನ ಕೈಯಲ್ಲಿದ್ದವು. ಹೊಗಳಿಕೆಗೆ ಹೇಳುವ ಮಾತಲ್ಲ. ರೈಲು ಹಳಿಯಿಂದ ಈಚೆ ಇದ್ದ ಅವರ ಮನೆಯ ಮುಂಗೋಣೆಯೇ ಕೂದಲು ಸಿಂಗರಿಸುವ ಅಂಗಡಿ. ಶನಿವಾರ ಬೆಳಗಾದರೆ ಜಗುಲಿಯವರೆಗೂ ಹೆಂಗಸರು. ಭಾನುವಾರದ ಪ್ರಾರ್ಥನೆಗೆ ಕೆದರಿದ ತಲೆಯಲ್ಲಿ ಹೋಗುವುದುಂಟೇ? ಗುಂಗುರು ಕೂದಲನ್ನು ನೆಟ್ಟಗೆ ಮಾಡಲು ಒಲೆಯ ಮೇಲೆ ಹಿತ್ತಾಳೆಯ ಬಾಚಣಿಗೆ ಕಾಯುತ್ತಿರುತ್ತಿತ್ತು. ಕುರ್ಚಿಯಲ್ಲಿ ಕೂತವರ ಕಿವಿಯನ್ನು ಎಡಗೈಯಲ್ಲಿ ಮಡಚಿ ಹಿಡಿದು, ಬಲಗೈಯಲ್ಲಿ ಬಾಚಣಿಗೆ ಎಳೆಯುತ್ತ, ಲುವೀನಿಯಮ್ಮ ಕೇಳುತ್ತಿದ್ದುದು ಒಂದೇ ಪ್ರಶ್ನೆ: "ಮತ್ತೇನ್ ಸಮಾಚಾರ?"

ಕಾದ ಬಾಚಣಿಗೆ ಕಿವಿಯ ಪಕ್ಕದಲ್ಲಿರುವಾಗ ಯಾರೂ ಸುಳ್ಳು ಹೇಳುವುದಿಲ್ಲ. ಯಾರ ಮನೆಗೆ ಡೆಟ್ರಾಯಿಟ್‌ನಿಂದ ತಂಗಿ ಬಂದಳು, ಯಾರಿಗೆ ಮೊಣಕಾಲು ನೋವು, ಯಾರ ತೋಟದಲ್ಲಿ ಮಗುವಿನಷ್ಟು ತೂಕದ ಗೆಣಸು ಬಂತು, ಎಲ್ಲವೂ ಆ ಕೋಣೆಗೆ ಬಂದು ಬೀಳುತ್ತಿತ್ತು. ಲುವೀನಿಯಮ್ಮ ಏಪ್ರನ್ನಿನ ಜೇಬಿನಿಂದ ಗಿಡ್ಡ ಪೆನ್ಸಿಲ್ ತೆಗೆದು, ಹರಳೆಣ್ಣೆ ಡಬ್ಬಿಯ ಮೇಲಿನ ಕಾಗದವನ್ನೇ ಹರಿದು ಅದರ ಹಿಂದೆ ಗೀಚಿಕೊಳ್ಳುತ್ತಿದ್ದರು. ಸೋಮವಾರ ಅದನ್ನೆಲ್ಲ ಚೊಕ್ಕವಾಗಿ ನಕಲು ಮಾಡಿ, ಪೇಟೆಯಲ್ಲಿದ್ದ ಲಾಕ್ರಿಜ್ ಬೀಕನ್ ಪತ್ರಿಕೆಯ ಕಚೇರಿಗೆ ಒಯ್ದು, ಹಿಂಬಾಗಿಲಲ್ಲಿ ಕೊಟ್ಟು ಬರುತ್ತಿದ್ದರು. ಗುರುವಾರ ಅದು ಆರನೆಯ ಪುಟದಲ್ಲಿ, ಹಂದಿ ಹರಾಜಿನ ಜಾಹೀರಾತಿನ ಕೆಳಗೆ, 'ಕರಿಯರ ಕೇರಿಯ ಸುದ್ದಿ' ಎಂಬ ತಲೆಬರಹದಲ್ಲಿ ಅಚ್ಚಾಗುತ್ತಿತ್ತು. ಮೂವತ್ತು ಸಾಲು. ಮೂವತ್ತೊಂದನೆಯ ಸಾಲಿಗೆ ಜಾಗವಿಲ್ಲ.

ಬೀಕನ್ ಬಿಳಿಯರ ಪತ್ರಿಕೆ. ಅದರಲ್ಲಿ ನಮ್ಮವರ ಹೆಸರು ಬರಬೇಕಾದರೆ ಒಂದೋ ಕಳವು ಮಾಡಿರಬೇಕಿತ್ತು, ಇಲ್ಲವೇ ಕೊಲೆಯಾಗಿರಬೇಕಿತ್ತು. ಅಂಥ ಕಡೆ 'ಮಗಳ ಮನೆಗೆ ಹೋಗಿ ಸುಖವಾಗಿ ಹಿಂದಿರುಗಿದರು' ಎಂದು ತಮ್ಮ ಹೆಸರು ಅಚ್ಚಾದದ್ದನ್ನು ನೋಡಿದ ಮುದುಕಿಯರು ಅದನ್ನು ಕತ್ತರಿಸಿ ಬೈಬಲ್ಲಿನಲ್ಲಿ ಇಟ್ಟುಕೊಳ್ಳುತ್ತಿದ್ದರು.

ಆದರೆ ಒಂದು ಮುಳ್ಳು ಇತ್ತು. ಲುವೀನಿಯಮ್ಮ ಬರೆದುಕೊಡುವಾಗ ಮದುವೆಯಾದ ಪ್ರತಿಯೊಬ್ಬ ಹೆಂಗಸಿನ ಹೆಸರಿನ ಮುಂಚೆಯೂ 'ಶ್ರೀಮತಿ' ಎಂದು ಬರೆಯುತ್ತಿದ್ದರು. ಅಚ್ಚಾಗಿ ಬಂದಾಗ ಆ ಮೂರಕ್ಷರ ಮಾತ್ರ ಇರುತ್ತಿರಲಿಲ್ಲ. ಎರಡನೆಯ ಪುಟದಲ್ಲಿ ಬಿಳಿಯರ ಚಹಾಕೂಟದ ವರದಿಯಲ್ಲಿ ಎಲ್ಲರೂ ಶ್ರೀಮತಿಯರೇ. ಅಲ್ಲಿ ಹದಿನೆಂಟರ ಹೊಸ ಸೊಸೆಯೂ ಶ್ರೀಮತಿ. ಆರನೆಯ ಪುಟದಲ್ಲಿ ಎಂಬತ್ತು ತುಂಬಿದ, ಹನ್ನೊಂದು ಹೆತ್ತ ಸೂಲಗಿತ್ತಿ ಕೂಡ ಬರೀ ಹ್ಯಾಟಿ.

"ಬರೀತೀಯ, ಅವ್ರು ಹೊಡೆದು ಹಾಕ್ತಾರೆ. ಮತ್ತೆ ಬರೀತೀಯ, ಮತ್ತೆ ಹೊಡೆದು ಹಾಕ್ತಾರೆ. ಪೆನ್ಸಿಲ್ಲಾದ್ರೂ ಉಳಿಸ್ಬಾರದೇನೇ?" ಎಂದು ಗಂಡ ಕ್ಲಿಯೋಫಸ್ ಕೆಣಕುತ್ತಿದ್ದರು. ಅವರು ರೈಲು ಹಳಿ ರಿಪೇರಿ ತಂಡದಲ್ಲಿದ್ದವರು. ಊಟಕ್ಕೆ ಕೂತರೆ ಮಾತು ಕಡಿಮೆ, ಕೀಟಲೆ ಜಾಸ್ತಿ.

"ನೀವು ಹಳಿ ಸರಿಮಾಡ್ತೀರಿ, ರೈಲು ಓಡಾಡಿ ಮತ್ತೆ ಕೆಡ್ಸತ್ತೆ. ಮತ್ತೆ ಹೋಗಿ ಸರಿಮಾಡಲ್ವಾ? ಇದೂ ಹಂಗೇ," ಎನ್ನುತ್ತಿದ್ದರು ಲುವೀನಿಯಮ್ಮ.

ಹೀಗೆ ಹನ್ನೊಂದು ವರ್ಷ ನಡೆಯಿತು. ಬರೀ ಹಟವಲ್ಲ, ಉಪಾಯವೂ ಇತ್ತು. ಹೆಸರೇ ತಿಳಿಯದಿದ್ದರೆ ಹೆಸರು ಹಿಡಿದು ಕರೆಯುವುದು ಹೇಗೆ? ಅದಕ್ಕೆ ಮೊದಲಕ್ಷರಗಳನ್ನಷ್ಟೇ ಬರೆಯತೊಡಗಿದರು. ತಮ್ಮ ಹೆಸರನ್ನೂ 'ಎಲ್. ಬಿ. ಟಾರ್ಪ್ಲಿ' ಎಂದೇ ಹಾಕಿಕೊಂಡರು. ನಲವತ್ತು ವರ್ಷ ನಮ್ಮ ಮಕ್ಕಳಿಗೆ ಅಕ್ಷರ ಕಲಿಸಿ ನಿವೃತ್ತರಾಗಿದ್ದ ಟೀಚರಮ್ಮ, ಅಂದರೆ ಶ್ರೀಮತಿ ಎ. ಆರ್. ಪ್ಯೂ, ಈ ಉಪಾಯದಲ್ಲಿ ಲುವೀನಿಯಮ್ಮನಿಗೇ ಗುರು. ಅವರ ಆ ಎ, ಆ ಆರ್ ಏನೆಂಬುದು ಊರಿನಲ್ಲಿ ಒಬ್ಬರಿಗೂ ಗೊತ್ತಿರಲಿಲ್ಲ.

ಅರವತ್ತಮೂರನೆಯ ಇಸವಿಯ ಬೇಸಿಗೆಯಲ್ಲಿ, ಎಪ್ಪತ್ತೊಂದನೆಯ ವಯಸ್ಸಿನಲ್ಲಿ, ಟೀಚರಮ್ಮ ಕೈಗವಸು ತೊಟ್ಟು, ಹೂವಿನ ಟೋಪಿ ಇಟ್ಟುಕೊಂಡು, ನಮ್ಮವರನ್ನು ಹತ್ತಿರ ಸೇರಿಸದ ಮತದಾರರ ಪಟ್ಟಿಯಲ್ಲಿ ಹೆಸರು ಬರೆಸಲು ಕೋರ್ಟು ಕಟ್ಟಡಕ್ಕೆ ಹೋದರು. ಆ ಕಚೇರಿ ತೆಗೆಯುತ್ತಿದ್ದುದೇ ತಿಂಗಳಿಗೆ ಎರಡು ಸೋಮವಾರ. ಬೆಳಗ್ಗೆ ಒಂಬತ್ತರಿಂದ ಎರಡರವರೆಗೆ ಅವರನ್ನು ನಿಲ್ಲಿಸಿದರು. ಆಮೇಲೆ ನಾಲ್ಕು ಪುಟದ ಫಾರಂ ತುಂಬಿಸಿದರು. ಕೊನೆಗೆ ಗುಮಾಸ್ತ ಒಂದು ಅಕ್ಷರದ ಮೇಲೆ ಚುಕ್ಕೆ ಸರಿಯಾಗಿ ಕೂತಿಲ್ಲವೆಂದು ಅದನ್ನು ಹಿಂದಕ್ಕೆ ಕೊಟ್ಟ.

ಶನಿವಾರ ಕುರ್ಚಿಯಲ್ಲಿ ಕೂತು ಟೀಚರಮ್ಮ ಅದನ್ನು ಹೇಳಿದಾಗ ಲುವೀನಿಯಮ್ಮನ ಬಾಚಣಿಗೆ ಅರ್ಧದಲ್ಲೇ ನಿಂತಿತು.

"ಚುಕ್ಕೆನಾ? ನಿಮ್ಮ ಬರವಣಿಗೆಲಾ?"

"ಹೂಂ ಕಣಮ್ಮ. ಆ ಗುಮಾಸ್ತನ ಅಡುಗೆಯವಳಿಗೆ ಅಕ್ಷರ ಕಲಿಸಿದೋಳು ನಾನು. ಅವಳು ಬರೆದುಕೊಟ್ಟ ಚೀಟಿ ನೋಡ್ಕೊಂಡೇ ಅವನು ಸಾಮಾನು ತರೋದು." ಟೀಚರಮ್ಮ ಕನ್ನಡಿಯಲ್ಲಿ ಲುವೀನಿಯಮ್ಮನನ್ನು ನೋಡಿದರು. "ಏನಮ್ಮಾ, ನಾನು ಒಂದು ಕಡೆಗೆ ಹೋಗಿಬಂದೆ ತಾನೇ? ಯಾರು ಎಲ್ಲಿಗೆ ಹೋಗಿಬಂದ್ರು ಅಂತ ಬರೆಯೋದೇ ನಿನ್ನ ಕೆಲಸ ತಾನೇ?"

ಮುಂದಿನ ಗುರುವಾರದ ಬೀಕನ್ನಿನಲ್ಲಿ, ಚರ್ಚಿನ ಮೀನೂಟಕ್ಕೂ ಒಬ್ಬರ ಬೆನ್ನುನೋವಿಗೂ ನಡುವೆ, ನಾಲ್ಕು ಸಾಲು ಬಂತು: 'ಎ. ಆರ್. ಪ್ಯೂ ಕಳೆದ ವಾರ ಸೋಮವಾರ ಕೋರ್ಟು ಕಟ್ಟಡಕ್ಕೆ ಭೇಟಿ ಕೊಟ್ಟು, ಮತದಾರರ ಪಟ್ಟಿಯ ಅಧಿಕಾರಿಗಳೊಡನೆ ಐದು ಗಂಟೆ ಕಳೆದರು. ಕೂರಲು ಕುರ್ಚಿ, ಕುಡಿಯಲು ನೀರಿನ ಏರ್ಪಾಡು ಇರಲಿಲ್ಲ. ಕಚೇರಿ ತೆರೆಯುವ ಮುಂದಿನ ಸೋಮವಾರ ಮತ್ತೆ ಭೇಟಿ ಕೊಡಲಿದ್ದಾರೆ.'

ಪತ್ರಿಕೆಯ ಯಜಮಾನ ಗುಡ್ಲೋ ಸಾಹೇಬರು ಆರನೆಯ ಪುಟ ಓದುತ್ತಿರಲಿಲ್ಲ. ಅಚ್ಚಿನ ಮೊಳೆ ಜೋಡಿಸುವವನು ಎಂದಿನಂತೆ 'ಶ್ರೀಮತಿ'ಯನ್ನು ಮಾತ್ರ ತೆಗೆದುಹಾಕಿ ಉಳಿದದ್ದನ್ನು ಜೋಡಿಸಿದ್ದ. ಕೇರಿಯಲ್ಲಿ ಮಾತ್ರ ಅವತ್ತು ಒಂದೊಂದು ಪ್ರತಿ ಹತ್ತು ಕೈ ದಾಟಿತು. ಮರದ ಮಿಲ್ಲಿನಲ್ಲಿ ಊಟದ ಹೊತ್ತಿಗೆ ಒಬ್ಬರು ಗಟ್ಟಿಯಾಗಿ ಓದಿದರಂತೆ; 'ನೀರಿನ ಏರ್ಪಾಡು ಇರಲಿಲ್ಲ' ಎಂಬಲ್ಲಿಗೆ ಬಂದಾಗ ನಕ್ಕವರ ಬಾಯಿಂದ ಬಟಾಣಿ ಹೊರಕ್ಕೆ ಹಾರಿತಂತೆ.

ಮುಂದಿನ ಭೇಟಿಗೆ ಟೀಚರಮ್ಮನ ಜೊತೆ ಮೂವರು. ಅದರ ಮುಂದಿನದಕ್ಕೆ ಹನ್ನೊಂದು ಮಂದಿ. ಎಲ್ಲರ ಹೆಸರೂ ಅಂಕಣದಲ್ಲಿ ಬಂತು.

ಇಲ್ಲಿ ಲುವೀನಿಯಮ್ಮ ಒಂದು ತಪ್ಪು ಮಾಡಿದರು. ಹನ್ನೊಂದರಲ್ಲಿ ಹತ್ತು ಜನರನ್ನು, ಹೆಸರು ಹಾಕಬಹುದೇ ಎಂದು ಕೇಳಿದ್ದರು. ಹನ್ನೊಂದನೆಯವಳು ಕೋರಾ ಡ್ಯೂಕ್ಸ್. ಎರಡು ಮಕ್ಕಳ ತಾಯಿ, ಹತ್ತಿ ಗಿರಣಿಯ ಮಾಲೀಕರ ಮನೆಯಲ್ಲಿ ಅಡುಗೆಯವಳು. ಶನಿವಾರ ಕುರ್ಚಿಯಲ್ಲಿ ಕೂತು ಅವಳೇ ನಗುನಗುತ್ತ ಕೋರ್ಟಿನ ಕಥೆಯನ್ನೆಲ್ಲ ಹೇಳಿದ್ದಳು. ಇಷ್ಟು ಖುಷಿಯಿಂದ ಹೇಳಿದಳಲ್ಲ, ಇನ್ನು ಕೇಳುವುದೇನು ಎಂದುಕೊಂಡು ಲುವೀನಿಯಮ್ಮ ಬರೆದೇಬಿಟ್ಟರು.

ಗುರುವಾರ ಪತ್ರಿಕೆ ಬಂತು. ಶುಕ್ರವಾರ ಬೆಳಗ್ಗೆ ಗಿರಣಿ ಮಾಲೀಕರ ಹೆಂಡತಿ ಕೋರಾಳನ್ನು ಹಿಂಬಾಗಿಲಿನಿಂದಲೇ ವಾಪಸು ಕಳಿಸಿದರು. ಅವಳು ನೇರ ಅಂಗಡಿಗೆ ಬಂದಳು. ಕೈಯಲ್ಲಿ ಅಡುಗೆಯ ಏಪ್ರನ್ ಸುರುಳಿ ಸುತ್ತಿ ಹಿಡಿದಿದ್ದಳು. ಒಳಗೆ ಐದಾರು ಹೆಂಗಸರಿದ್ದರು.

"ನಿನ್ನ ಕುರ್ಚಿಲಿ ಕೂತು ಆಡಿದ ಕೋರ್ಟಿನ ಮಾತೂ ನನ್ನ ಕೇಳದೇನೇ ಪೇಪರಿಗೆ ಹೋಗತ್ತೆ ಅಂತ ನಂಗೇನಕ್ಕಾ ಗೊತ್ತಿತ್ತು?"

"ಕೋರಾ, ನಾನು ಅಂದ್ಕೊಂಡೆ…"

"ನೀನು ಅಂದ್ಕೊಂಡೆ! ನಿನ್ನ ಅನ್ನ ಇರೋದು ನಮ್ಮ ಕೂದಲಲ್ಲಿ ಕಣಕ್ಕಾ. ಅದನ್ನ ಯಾವ ಬಿಳಿಯನೂ ಕಿತ್ಕೊಳ್ಳಕ್ಕಾಗಲ್ಲ. ನನ್ನ ಅನ್ನ ಇದ್ದಿದ್ದು ಅವರ ಅಡುಗೆಮನೇಲಿ. ಧೈರ್ಯ ಮಾಡೋದು ನಿನಗೆ ಸಲೀಸು. ನನ್ನ ಧೈರ್ಯಾನ ನಾನು ಮಾಡ್ಕೋತಿದ್ದೆ, ನನಗೆ ಬೇಕಾದಾಗ. ನೀನ್ಯಾರು ಅದನ್ನ ಮಾಡಕ್ಕೆ?"

ಕೋರಾ ಹೊರಟುಹೋದ ಮೇಲೆ ಕುರ್ಚಿಯಲ್ಲಿ ಕೂತಿದ್ದವರೇ ಎದ್ದು ಒಲೆ ಆರಿಸಬೇಕಾಯಿತು. ಬಾಚಣಿಗೆ ಕೆಂಪಗೆ ಕಾದುಹೋಗಿತ್ತು.

ಮರುದಿನ ಲುವೀನಿಯಮ್ಮ ಬುಟ್ಟಿಯಲ್ಲಿ ಹಿಟ್ಟು, ಹಂದಿಮಾಂಸ, ಎರಡು ಗೆಣಸಿನ ಪೈ ಇಟ್ಟುಕೊಂಡು ಕೋರಾಳ ಮನೆಗೆ ಹೋದರು. ಬಾಗಿಲು ತೆಗೆಯಲಿಲ್ಲ. ಬುಟ್ಟಿಯನ್ನು ಜಗುಲಿಯಲ್ಲಿಟ್ಟು ಬಂದರು. ಸಂಜೆ ಕೋರಾಳ ಮಗಳು ಅದನ್ನು ತಂದು ಇವರ ಜಗುಲಿಯಲ್ಲಿಟ್ಟು ಹೋದಳು. ಪೈ ಕೂಡ ಮುಟ್ಟಿರಲಿಲ್ಲ.

"ಅವಳು ಹೇಳಿದ್ದು ಸರಿ ಅಲ್ವಾ?" ಎಂದು ರಾತ್ರಿ ಊಟದ ಮುಂದೆ ಕೂತು ಗಂಡನನ್ನು ಕೇಳಿದರು.

ಕ್ಲಿಯೋಫಸ್ ಅಂದು ಕೀಟಲೆ ಮಾಡಲಿಲ್ಲ. "ಸರಿ," ಎಂದರು. "ಸರಿನೇ."

ಅಂದಿನಿಂದ ಲುವೀನಿಯಮ್ಮ ಒಂದು ಪದ್ಧತಿ ಇಟ್ಟುಕೊಂಡರು. ಬರೆದ ಸಾಲನ್ನು ಆ ವ್ಯಕ್ತಿಯ ಮುಂದೆಯೇ ಓದಿ ಹೇಳುವುದು. "ಹೆಸರು ಹಾಕಲಾ?" ಎಂದು ಕೇಳುವುದು. ಒಂದು ರಾತ್ರಿ ಕಳೆಯಲು ಬಿಟ್ಟು ಮರುದಿನ ಮತ್ತೊಮ್ಮೆ ಕೇಳುವುದು. ಕೋರಾ ಮಾತ್ರ ಇವರ ಕುರ್ಚಿ ಬಿಟ್ಟು, ಕೂದಲು ತಿದ್ದಿಸಿಕೊಳ್ಳಲು ಹನ್ನೆರಡು ಮೈಲಿ ಆಚೆಯ ಊರಿಗೆ ಹೋಗತೊಡಗಿದಳು. ಲುವೀನಿಯಮ್ಮನ ಮಟ್ಟಿಗೆ ಅದಕ್ಕಿಂತ ದೊಡ್ಡ ಶಿಕ್ಷೆ ಇರಲಿಲ್ಲ.

ಅಷ್ಟರಲ್ಲಿ ಹತ್ತಿ ಗಿರಣಿಯವರು ಗುಡ್ಲೋ ಸಾಹೇಬರಿಗೆ ಆರನೆಯ ಪುಟ ಓದಲು ಹೇಳಿದ್ದರು. ಸಾಹೇಬರು ಕರೆಕಳಿಸಿದರು. ಹಿಂಬಾಗಿಲಿನಿಂದ ಒಳಗೆ ಹೋದ ಲುವೀನಿಯಮ್ಮನಿಗೆ ಕೂರಲು ಹೇಳಲಿಲ್ಲ. ಮೇಜಿನ ಮೇಲೆ ಮೂರು ತಿಂಗಳ ಸಂಚಿಕೆಗಳು ಹರಡಿದ್ದವು.

"ಲುವೀನಿಯಾ, ಏನಿದೆಲ್ಲ ನೀನು ಬರೆದಿರೋದು?"

"ಸಾಹೇಬ್ರೆ, ಯಾರು ಯಾರನ್ನ ನೋಡಕ್ಕೆ ಹೋದ್ರು ಅಂತ. ಹನ್ನೊಂದು ವರ್ಷದಿಂದ ಅದನ್ನೇ ಬರೀತಿದೀನಲ್ಲ."

"'ಅಧಿಕಾರಿಗಳು ಎಂದಿನಂತೆ ಬಾಗಿಲವರೆಗೂ ಬಂದು ಬೀಳ್ಕೊಟ್ಟರು.' ಇದೇನಿದು?"

"ದಬ್ಬಿದ್ರು ಅಂತ ಬರೆಯೋದು ಮರ್ಯಾದೆಯಲ್ಲ ಅಂತ ಹಂಗೆ ಬರೆದೆ, ಸಾಹೇಬ್ರೆ."

ಸಾಹೇಬರ ಮೀಸೆ ಅಲುಗಿತು. ನಗು ಬಂದಿತ್ತು, ಕಿಟಕಿಯ ಕಡೆ ತಿರುಗಿ ಕೆಮ್ಮಿದರು. ಗುಡ್ಲೋ ಸಾಹೇಬರು ಕೆಟ್ಟವರಲ್ಲ. ಮಳೆ ಬಂದಾಗ ಕೊಡೆ ಇಲ್ಲದವರನ್ನು ಕಂಡರೆ ಪಾಪ ಎನ್ನುತ್ತಿದ್ದರು, ಕೊಡೆ ಮಾತ್ರ ಕೊಡುತ್ತಿರಲಿಲ್ಲ, ಅಂಥವರು.

"ನೋಡು, ಗಿರಣಿಯವರು ಜಾಹೀರಾತು ನಿಲ್ಲಿಸ್ತೀವಿ ಅಂತಿದಾರೆ. ಕಾಯಿಲೆ ಬರಿ, ಹೆರಿಗೆ ಬರಿ, ಚರ್ಚಿನ ಊಟ ಬರಿ. ಕೋರ್ಟಿನ ಸುದ್ದಿ ಬೇಡ. ಒಪ್ಕೊಂಡ್ರೆ ಅಂಕಣ ಇರತ್ತೆ."

ಬೈಬಲ್ಲಿನಲ್ಲಿ ತುಣುಕು ಇಟ್ಟುಕೊಳ್ಳುವ ಮುದುಕಿಯರು ಲುವೀನಿಯಮ್ಮನ ಕಣ್ಣ ಮುಂದೆ ಬಂದರು. ಆಮೇಲೆ ಹೇಳಿದರು: "ಸಾಹೇಬ್ರೆ, ಮೊಣಕಾಲು ನೋವು ಅಂತ ನಾನು ಬರೀಬಹುದು. ಐದು ಗಂಟೆ ನಿಲ್ಲಿಸಿದ್ದಕ್ಕೆ ನೋವು ಬಂತು ಅಂತ ಬರೀಬಾರದು. ಹಂಗಾದ್ರೆ ಅದು ಅರ್ಧ ಸುದ್ದಿ. ಅರ್ಧ ತಲೆ ಬಾಚಿ ಯಾರನ್ನೂ ನಾನು ಮನೆಗೆ ಕಳಿಸಿಲ್ಲ."

ಮುಂದಿನ ಗುರುವಾರ ಹಂದಿ ಹರಾಜಿನ ಜಾಹೀರಾತು ಅಂಕಣದ ಜಾಗವನ್ನೂ ನುಂಗಿ ಪುಟದ ಕೆಳಗಿನವರೆಗೂ ಬೆಳೆದಿತ್ತು.

ಚರ್ಚಿನ ನೆಲಮಾಳಿಗೆಯಲ್ಲಿ ಪ್ರಾರ್ಥನೆಯ ಹಾಳೆ ತೆಗೆಯುವ ಒಂದು ಹಳೆಯ ಸೈಕ್ಲೋಸ್ಟೈಲ್ ಯಂತ್ರವಿತ್ತು. ಹಿಡಿ ತಿರುಗಿಸಿದರೆ ಕಿರುಗುಟ್ಟುತ್ತಿತ್ತು. ಮೂರು ಹಾಳೆ ಚೆನ್ನಾಗಿ ಬಂದರೆ ನಾಲ್ಕನೆಯದು ಮಸಿ ಬಳಿದುಕೊಂಡು ಬರುತ್ತಿತ್ತು. ಪಾದ್ರಿಯನ್ನು ಒಪ್ಪಿಸುವುದು ಕಷ್ಟವಾಗಲಿಲ್ಲ, ಅವರ ಹೆಂಡತಿಯ ತಲೆಯೂ ಲುವೀನಿಯಮ್ಮನ ಕೈಯಲ್ಲೇ ಇತ್ತಲ್ಲ. ಟೀಚರಮ್ಮ ಸ್ಟೆನ್ಸಿಲ್ ಕೊರೆದರು. ಚುಕ್ಕೆಗಳನ್ನು ಎಷ್ಟು ಒತ್ತಿ ಇಟ್ಟರೆಂದರೆ ಕಾಗದದಲ್ಲಿ ತೂತು ಬಿತ್ತು. ಹಾಳೆಗೆ 'ಭೇಟಿ' ಎಂದು ಹೆಸರಿಟ್ಟರು. ಎರಡು ಪುಟ, ಎರಡು ವಾರಕ್ಕೊಮ್ಮೆ. ಶನಿವಾರ ತಲೆ ಮಾಡಿಸಿಕೊಂಡು ಹೋಗುವವರ ಚೀಲದಲ್ಲಿ, ಕೂದಲ ಎಣ್ಣೆಯ ಡಬ್ಬಿಗೆ ಸುತ್ತಿದ ಕಾಗದವಾಗಿ ಅದು ಮನೆಮನೆ ತಲುಪಿತು.

ಮೊದಲ ಸಂಚಿಕೆಯಲ್ಲಿ ಲುವೀನಿಯಮ್ಮನಿಗೆ ಹಿಡಿತವೇ ಇರಲಿಲ್ಲ. ಹನ್ನೊಂದು ವರ್ಷ ಕತ್ತರಿಸಿಹೋದ 'ಶ್ರೀಮತಿ'ಗಳನ್ನೆಲ್ಲ ಒಂದೇ ಸಲಕ್ಕೆ ಸುರಿದುಬಿಟ್ಟರು. ಶ್ರೀಮತಿ ಇಂಥವರು ಶ್ರೀಮತಿ ಇಂಥವರ ಮನೆಗೆ ಹೋಗಿ, ಶ್ರೀ ಇಂಥವರ ನಾಯಿ ಕಚ್ಚಿದ್ದರಿಂದ, ಶ್ರೀಮತಿ ಇಂಥವರಿಂದ ಔಷಧ ಪಡೆದರು, ಹೀಗೆ. ಭಾನುವಾರ ಪ್ರಾರ್ಥನೆ ಮುಗಿದ ಮೇಲೆ ಅದನ್ನು ಗಟ್ಟಿಯಾಗಿ ಓದಿದರು. ಹೆಸರು ಬಂದವರು ಬಂದಹಾಗೆ ಜಾಗದಲ್ಲೇ ನೆಟ್ಟಗೆ ಕೂತರು. 'ಶ್ರೀ ಕ್ಲಿಯೋಫಸ್ ಟಾರ್ಪ್ಲಿ ಅವರು ಯಂತ್ರದ ಹಿಡಿಯನ್ನು ರಿಪೇರಿ ಮಾಡಿಕೊಟ್ಟರು' ಎಂದಾಗ ಹಳಿ ತಂಡದ ಗೆಳೆಯರು ಹಿಂದಿನ ಸಾಲಿನಲ್ಲಿ ಕಿಸಕ್ಕೆಂದರು.

"ಏನ್ರೀ ಶ್ರೀಯುತರೇ, ನಾಳೆ ಸುತ್ತಿಗೆ ಹಿಡೀತೀರೋ, ಇಲ್ಲ ಪಲ್ಲಕ್ಕಿ ತರ್ಬೇಕೋ?"

ಕ್ಲಿಯೋಫಸ್ ನಗಲಿಲ್ಲ. ಆ ಹಾಳೆಯನ್ನು ನಾಲ್ಕು ಮಡಿಕೆ ಮಾಡಿ ಕೋಟಿನ ಒಳಜೇಬಿನಲ್ಲಿ ಇಟ್ಟುಕೊಂಡರು. ಮನೆಗೆ ಬರುವಾಗ ದಾರಿಯಲ್ಲಿ ಹೆಂಡತಿಗೆ ಹೇಳಿದ್ದು ಇಷ್ಟೇ: "ನಮ್ಮಪ್ಪ ಸಾಯೋವರೆಗೂ ಬಿಳಿಯರ ಬಾಯಲ್ಲಿ 'ಏ ಹುಡುಗ' ಅನ್ನಿಸ್ಕೊಂಡೇ ಸತ್ತ ಕಣೆ."

ಹಾಳೆಯ ಸುದ್ದಿ ಪೇಟೆಗೂ ಹೋಯಿತು. ಕೂದಲಂಗಡಿಗಳ ಚೊಕ್ಕಟ ನೋಡುವ ತಪಾಸಣೆಯವರೊಬ್ಬರು, ವರ್ಷಕ್ಕೊಮ್ಮೆ ಬರಬೇಕಾದವರು, ವಾರಕ್ಕೊಮ್ಮೆ ಬರತೊಡಗಿದರು. ಬಾಚಣಿಗೆ ಕುದಿಸಿದೆಯಾ, ಟವಲು ಮಡಚಿದೆಯಾ ಎಂದು ಬೆರಳಲ್ಲಿ ಒರೆಸಿ ನೋಡುತ್ತಿದ್ದರು. ಲೈಸೆನ್ಸು ಹೋದರೆ ಮನೆ ನಡೆಯುವುದಿಲ್ಲ. ಅವರು ಬರುವ ದಿನ ಬೆಳಗ್ಗೆ ಲುವೀನಿಯಮ್ಮ ನೆಲವನ್ನು ಮೂರು ಸಲ ತೊಳೆಯುತ್ತಿದ್ದರು. ಆದರೆ ಹಾಳೆಯಲ್ಲಿ ಹೀಗೆ ಬಂತು: 'ತಪಾಸಣೆಯ ಅಧಿಕಾರಿಗಳು ಈ ತಿಂಗಳು ನಾಲ್ಕನೆಯ ಬಾರಿ ನಮ್ಮಲ್ಲಿಗೆ ಬಂದಿದ್ದರು. ಅವರಿಗೆ ನಮ್ಮ ಸಹವಾಸ ಹಿಡಿಸಿರುವುದು ಸಂತೋಷದ ವಿಷಯ. ಧೂಳು ಸಿಗಲಿಲ್ಲ.' ಐದನೆಯ ಬಾರಿ ಆತ ಬರಲಿಲ್ಲ.

ಮರುವರ್ಷದ ವಸಂತದಲ್ಲಿ ಒಂದು ಶನಿವಾರ ಮಧ್ಯಾಹ್ನ, ಬಾಗಿಲಲ್ಲಿ ಕೋರಾ ಬಂದು ನಿಂತಳು. ತಲೆಗೆ ಬಟ್ಟೆ ಕಟ್ಟಿದ್ದಳು. ಒಳಗಿದ್ದವರೆಲ್ಲ ತಿರುಗಿ ನೋಡಿದರು. ಅವಳು ಯಾರನ್ನೂ ನೋಡದೆ ನೇರ ಬಂದು ಕುರ್ಚಿಯಲ್ಲಿ ಕೂತು ಬಟ್ಟೆ ಬಿಚ್ಚಿದಳು. ಒಂದು ಪಕ್ಕದ ಕೂದಲು ಸುಟ್ಟು ತುಂಡಾಗಿತ್ತು.

"ನೋಡು ಏನ್ ಮಾಡಿದಾಳೆ ಆ ಮಹಾರಾಯ್ತಿ ನನ್ನ ತಲೇನ!"

"ಅಯ್ಯೋ, ಇದನ್ನ ಬಾಚಿದ್ಲಾ, ಹುರಿದ್ಲಾ?" ಎಂದರು ಲುವೀನಿಯಮ್ಮ. ಅಂಗಡಿಯೆಲ್ಲ ನಕ್ಕಿತು. ಕೋರಾ ನಗಲಿಲ್ಲ, ಆದರೆ ಎದ್ದೂ ಹೋಗಲಿಲ್ಲ.

ಲುವೀನಿಯಮ್ಮ ಒಂದು ಗಂಟೆ ಆ ತಲೆಯ ಮೇಲೆ ಕೆಲಸ ಮಾಡಿದರು. "ಮತ್ತೇನ್ ಸಮಾಚಾರ?" ಎಂದು ಕೇಳುವ ಧೈರ್ಯ ಬರಲಿಲ್ಲ. ಕೊನೆಗೆ ಕೋರಾಳೇ ಹೇಳಿದಳು: "ಮೊನ್ನೆ ಸೋಮವಾರ ಹೋಗಿದ್ದೆ, ಕೋರ್ಟಿಗೆ. ಈಗ ನಾನು ಮನೇಲೇ ಅಡುಗೆ ಮಾಡಿ ಮಿಲ್ಲಿನವ್ರಿಗೆ ಊಟ ಮಾರ್ತೀನಲ್ಲ, ನನ್ನ ಕೆಲಸದಿಂದ ತೆಗೆಯೋಕೆ ನಾನೇ ಬೇಕು. ಬರ್ಕೋ. ಶ್ರೀಮತಿ ಕೋರಾ ಡ್ಯೂಕ್ಸ್. ಪೂರ್ತಿ ಬರಿ."

"ಹೆಸರು ಹಾಕಲಾ?"

"ಹಾಕು ಅಂದ್ನಲ್ಲ!"

"ನಾಳೆ ಇನ್ನೊಂದ್ಸಲ ಕೇಳ್ತೀನಿ ಕೋರಾ. ಅದು ನನ್ನ ಪದ್ಧತಿ."

"ಯಾವಾಗಿಂದ ಬಂತು ಆ ಪದ್ಧತಿ?"

"ನೀನೇ ಕಲಿಸಿದ್ದು."

ಕೋರಾ ಕನ್ನಡಿಯಲ್ಲಿ ತನ್ನ ತಲೆ ನೋಡಿಕೊಂಡಳು. "ಮರ್ತಿಲ್ಲ ನಾನು," ಎಂದಳು.

"ಮರೀಬೇಡ," ಎಂದರು ಲುವೀನಿಯಮ್ಮ.

ಅರವತ್ತೈದರ ಆಗಸ್ಟಿನಲ್ಲಿ ಕರಿಯರ ಮತದ ಹಕ್ಕನ್ನು ಕಾಯುವ ಹೊಸ ಕಾಯಿದೆ ಬಂತು. ವಾಷಿಂಗ್ಟನ್ನಿನಿಂದ ಬಂದ ಅಧಿಕಾರಿ ಅಂಚೆ ಕಚೇರಿಯ ಹಿಂಭಾಗದಲ್ಲಿ ಮೇಜು ಹಾಕಿ ಕೂತ. ಸುತ್ತಲಿನ ಹೊಲಗಳಿಂದ ಜನ ಟ್ರಾಕ್ಟರಿನ ಮೇಲೂ ಬಂದರು. ಸಾಲಿನ ಮೊದಲಲ್ಲೇ ಟೀಚರಮ್ಮ, ಅದೇ ಕೈಗವಸು, ಅದೇ ಟೋಪಿ. ಅದು ಅವರ ಹದಿನಾಲ್ಕನೆಯ ಭೇಟಿ. ಪಕ್ಕದಲ್ಲಿ ಪೆನ್ಸಿಲ್ ಹಿಡಿದ ಲುವೀನಿಯಮ್ಮ.

"ಹೆಸರು ಹೇಳಿ ಅಮ್ಮ," ಎಂದ ಅಧಿಕಾರಿ.

"ಶ್ರೀಮತಿ ಎ. ಆರ್. ಪ್ಯೂ."

"ಪೂರ್ತಿ ಹೆಸರು ಬೇಕು. ಅಕ್ಷರಗಳು ಸಾಲದು."

ಟೀಚರಮ್ಮ ಸುತ್ತ ನೋಡಿದರು. ನಾಲ್ಕು ಪುಟದ ಫಾರಮ್ಮಿಗೂ ಹೆದರದವರು, ಆ ಪ್ರಶ್ನೆಗೆ ಬೆವರಿದರು. ಅಧಿಕಾರಿಯ ಕಿವಿಯ ಹತ್ತಿರ ಬಗ್ಗಿ ಏನೋ ಉಸುರಿದರು. ಆತ ತಲೆಯೆತ್ತಿ ಒಮ್ಮೆ ನೋಡಿ ಬರೆದುಕೊಂಡ. ಒಂದು ಹೆಜ್ಜೆ ಹಿಂದಿದ್ದ ಲುವೀನಿಯಮ್ಮನಿಗೆ ಅದು ಕೇಳಿಸಿಬಿಟ್ಟಿತ್ತು. ನಗು ಹೊಟ್ಟೆಯೊಳಗೇ ತುಂಬಿ ಕಣ್ಣಲ್ಲಿ ನೀರಾಗಿ ಬಂತು. ಹೊರಗೆ ಬಂದಮೇಲೆ ಟೀಚರಮ್ಮ ಬೆರಳೆತ್ತಿದರು.

"ಬರೆದ್ರೆ ನೋಡು!"

"ಹಾಕಲಾ ಅಂತ ಕೇಳ್ತಾನೂ ಇಲ್ಲ, ಟೀಚರಮ್ಮ."

ಆ ಹೆಸರು ಕೊನೆಯವರೆಗೂ ಎಲ್ಲಿಯೂ ಅಚ್ಚಾಗಲಿಲ್ಲ. ಅಷ್ಟೊಂದು ಸುದ್ದಿ ಹಂಚಿದ ಲುವೀನಿಯಮ್ಮ ಗಂಡನಿಗೂ ಹೇಳದೆ ಉಳಿಸಿಕೊಂಡ ಸುದ್ದಿ ಅದೊಂದೇ.

ನಾಲ್ಕೈದು ವರ್ಷ ಕಳೆದವು. ನಮ್ಮವರ ಮತಗಳು ಸಾವಿರ ದಾಟಿದವು. ಬೀಕನ್ ಓದುವವರು ಕಡಿಮೆಯಾದರು, 'ಭೇಟಿ' ಓದುವವರು ಹೆಚ್ಚಾದರು. ಒಂದು ಶನಿವಾರ ಗುಡ್ಲೋ ಸಾಹೇಬರೇ, ಟೋಪಿ ಕೈಯಲ್ಲಿ ಹಿಡಿದು, ಅಂಗಡಿಯ ಮುಂಬಾಗಿಲಿಗೆ ಬಂದರು. ಕೂದಲಿಗೆ ಸುರುಳಿ ಸುತ್ತಿಕೊಂಡಿದ್ದ ಎಂಟು ಹೆಂಗಸರು ಅವರನ್ನೇ ನೋಡಿದರು.

"ಲುವೀನಿ…" ಎಂದು ಸಾಹೇಬರು ಶುರುಮಾಡಿ ನಿಲ್ಲಿಸಿದರು. ಬಿಸಿತುಪ್ಪ ಬಾಯಿಗೆ ಬಿದ್ದವರ ಹಾಗೆ ಕ್ಷಣಹೊತ್ತು ಒದ್ದಾಡಿದರು. "ಶ್ರೀಮತಿ ಟಾರ್ಪ್ಲಿ. ನೀವು ಮತ್ತೆ ನಮಗೆ ಬರೀಬೇಕು ಅಂತ ಕೇಳ್ಕೊಳ್ಳಕ್ಕೆ ಬಂದೆ."

"ಕೂತ್ಕೊಳ್ಳಿ ಸಾಹೇಬ್ರೆ," ಎಂದರು ಲುವೀನಿಯಮ್ಮ. ಖಾಲಿಯಿದ್ದದ್ದು ಕೂದಲು ಒಣಗಿಸುವ ಯಂತ್ರದ ಕೆಳಗಿನ ಕುರ್ಚಿ ಮಾತ್ರ. ಸಾಹೇಬರು ಅದರಲ್ಲೇ ಕೂತು ಮಾತುಕತೆ ಮುಗಿಸಿದರು. ಆರನೆಯ ಪುಟ ಇಲ್ಲ, ಕೇರಿಯ ಸುದ್ದಿ ಎಂಬ ತಲೆಬರಹ ಇಲ್ಲ. ಜಿಲ್ಲಾ ಮಂಡಳಿಯ ಸಭೆಗಳ ವರದಿ, ಮೊದಲ ಪುಟದಲ್ಲಿ. ಪತ್ರಿಕೆಯಲ್ಲಿ ಯಾವ ಬಣ್ಣದ ಹೆಂಗಸೇ ಆಗಲಿ, ಶ್ರೀಮತಿಯಾದರೆ ಶ್ರೀಮತಿ. ಸಾಹೇಬರು ಎಲ್ಲಕ್ಕೂ ಒಪ್ಪಿದರು.

ರಾಜಕೀಯದ ವರದಿಗಾರ್ತಿಯಾಗಿ ಲುವೀನಿಯಮ್ಮನ ನಿಜವಾದ ಪರೀಕ್ಷೆ ಆದದ್ದು ಆಮೇಲೆ. ಎಪ್ಪತ್ತೆರಡರಲ್ಲಿ ನಮ್ಮವರೇ ಆದ ಹೊಸಿಯಾ ಗ್ಯಾಂಟ್ ಜಿಲ್ಲಾ ಮಂಡಳಿಗೆ ನಿಂತರು. ಹೆಣ ಹೂಳುವ ವ್ಯವಸ್ಥೆ ನಡೆಸುತ್ತಿದ್ದ ಗಂಭೀರ ಮನುಷ್ಯ, ಗಟ್ಟಿ ಕಂಠ. ಅವರು ಭಾಷಣ ಮಾಡಿದರೆ ಜನ ಅಳುತ್ತಿದ್ದರು. ಅದು ಅವರ ಕಸುಬಿನ ಅಭ್ಯಾಸ. ಕೇರಿಯೇ ಅವರ ಹಿಂದಿತ್ತು. ಒಂದು ಸಭೆಗೆ ಅವರು ನಲವತ್ತು ನಿಮಿಷ ತಡವಾಗಿ ಬಂದರು. ಕೇರಿಯ ರಸ್ತೆಗಳಿಗೆ ಎಷ್ಟು ಜಲ್ಲಿ ಬೇಕು, ಅದು ಎಲ್ಲಿಂದ ಬರುತ್ತದೆ ಎಂದು ಲುವೀನಿಯಮ್ಮ ಕೇಳಿದಾಗ, ಗ್ಯಾಂಟ್ ಸ್ವಾತಂತ್ರ್ಯದ ಬಗ್ಗೆ ಮಾತಾಡಿದರು. ಲುವೀನಿಯಮ್ಮ ಅದನ್ನು ಹಾಗೆಯೇ ಬರೆದರು: 'ಶ್ರೀ ಗ್ಯಾಂಟ್ ಅವರು ನಲವತ್ತು ನಿಮಿಷ ತಡವಾಗಿ ಬಂದರು. ಜಲ್ಲಿಯ ಬಗ್ಗೆ ಕೇಳಿದ ಪ್ರಶ್ನೆಗೆ ಅವರಲ್ಲಿ ಉತ್ತರ ಇರಲಿಲ್ಲ.' ಬಿಳಿಯ ಎದುರಾಳಿಗೂ ಉತ್ತರ ಇರಲಿಲ್ಲ ಎಂಬುದನ್ನೂ ಅದರ ಕೆಳಗೇ ಬರೆದರು.

ಕೆಳಗಿನದನ್ನು ಯಾರೂ ಓದಲಿಲ್ಲ. ಗ್ಯಾಂಟ್ ಅರವತ್ತೆರಡು ಮತಗಳಿಂದ ಸೋತರು. ಶನಿವಾರ ಅಂಗಡಿ ಖಾಲಿ. ಕೋರಾ ಒಬ್ಬಳೇ ಬಂದು ಕುರ್ಚಿಯಲ್ಲಿ ಕೂತಳು.

"ನಮ್ಮವನ ಕಾಲು ನೀನೇ ಎಳೆದೆ ಅಂತಿದಾರೆ ಎಲ್ಲರೂ."

"ನೀನೇನಂತೀಯ?"

"ನಾನೂ ಅದನ್ನೇ ಅಂತೀನಿ. ಆದ್ರೆ ನನ್ನ ತಲೆ ಸುಟ್ಕೊಳ್ಳಕ್ಕೆ ಇನ್ನೊಂದ್ಸಲ ಹನ್ನೆರಡು ಮೈಲಿ ಹೋಗಲ್ಲ."

ಲುವೀನಿಯಮ್ಮ ಬಾಚಣಿಗೆ ಒಲೆಯ ಮೇಲಿಟ್ಟರು. "ಬಿಳಿಯರು ತಡವಾಗಿ ಬಂದ್ರೆ ನಾನು ಬರೀತೀನಿ. ನಮ್ಮವರು ಬಂದ್ರೆ ಮುಚ್ಚಿಡಬೇಕಾ? ಹಂಗಾದ್ರೆ ಗುಡ್ಲೋ ಸಾಹೇಬ್ರಿಗೂ ನನಗೂ ಏನೇ ವ್ಯತ್ಯಾಸ? ನಮ್ಮವರು ಕೆಲಸ ಕಲಿತೇ ಹೋಗ್ಲಿ ಅಂತ ನನ್ನಾಸೆ."

ಆ ಸಲ ಅವರು ತುಂಬ ನೊಂದರು. ಎರಡು ತಿಂಗಳು ಚರ್ಚಿನಲ್ಲಿ, ಗಂಡ ಕೂತ ಪಕ್ಕ ಬಿಟ್ಟರೆ, ಅವರ ಇನ್ನೊಂದು ಪಕ್ಕದ ಜಾಗ ಖಾಲಿಯೇ ಇತ್ತು. ಪಕ್ಕದಲ್ಲಿ ಬಂದು ಕೂತ ಮೊದಲಿಗರು ಹೊಸಿಯಾ ಗ್ಯಾಂಟರೇ. ಪ್ರಾರ್ಥನೆ ಮುಗಿದ ಮೇಲೆ ಕೇಳಿದರು: "ಆ ಜಲ್ಲಿ ಲೆಕ್ಕ ಎಲ್ಲಿ ಸಿಗತ್ತಮ್ಮ?"

"ಕೋರ್ಟು ಕಟ್ಟಡದ ಎರಡನೇ ಮಹಡಿ. ಮಂಗಳವಾರ ಬೆಳಗ್ಗೆ ಹೋಗಿ. ಯಾರು ಬೇಕಾದ್ರೂ ನೋಡಬಹುದು, ಅವರು ಹಂಗೆ ಹೇಳಲ್ಲ ಅಷ್ಟೆ."

ನಾಲ್ಕು ವರ್ಷ ಪ್ರತಿ ಮಂಗಳವಾರ ಗ್ಯಾಂಟ್ ಅಲ್ಲಿಗೆ ಹೋದರು. ಎಪ್ಪತ್ತಾರರಲ್ಲಿ ಗೆದ್ದರು. ಅವರ ಮೊದಲ ಸಭೆಯಲ್ಲಿ ಲುವೀನಿಯಮ್ಮ ಮುಂದಿನ ಸಾಲಿನಲ್ಲಿ ಕೂತಿದ್ದರು. ಸಭೆ ಹತ್ತಕ್ಕೆ, ಗ್ಯಾಂಟ್ ಒಂಬತ್ತೂವರೆಗೇ ಬಂದು ಕೂತು, ಇವರ ಕಡೆ ಒಮ್ಮೆ ನೋಡಿ ಗಡಿಯಾರದ ಕಡೆ ನೋಡಿದರು.

ಕೇರಿಯ ಒಂಬತ್ತು ರಸ್ತೆಗಳಿಗೆ ಜಲ್ಲಿ, ಡಾಂಬರು ಮಂಜೂರಾಯಿತು. ಲಾರಿಗಳು ಬಂದವು. ಒಂದೊಂದೇ ರಸ್ತೆ ಕಪ್ಪಗೆ ಹೊಳೆಯತೊಡಗಿತು. ಟಾರ್ಪ್ಲಿಯವರ ಮನೆಯ ರಸ್ತೆ ಮಾತ್ರ ಹಾಗೇ ಉಳಿಯಿತು. ಅದನ್ನು ಮೊದಲು ಮಾಡಿಸಿದರೆ 'ಪರಿಚಯದವರ ರಸ್ತೆಗೆ ಮೊದಲ ಜಲ್ಲಿ' ಎಂದು ಲುವೀನಿಯಮ್ಮ ತಮ್ಮ ಮೇಲೆಯೇ ಬರೆದುಕೊಂಡಾರು ಎಂದು ಗ್ಯಾಂಟರಿಗೆ ಹೆದರಿಕೆ. ಹಾಗಾಗಿ ಪಟ್ಟಿಯಲ್ಲಿ ಅದು ಒಂಬತ್ತನೆಯದಾಯಿತು. ಎರಡು ಮಳೆಗಾಲ ತಲೆ ಮಾಡಿಸಿಕೊಳ್ಳಲು ಬರುವವರು ಚಪ್ಪಲಿ ಕೈಯಲ್ಲಿ ಹಿಡಿದು ಬಂದರು.

"ಏನ್ ಹೆಂಡ್ತಿ ಸಿಕ್ಕಿದಾಳಪ್ಪಾ ನಂಗೆ," ಎಂದು ಕ್ಲಿಯೋಫಸ್ ಜಗುಲಿಯಲ್ಲಿ ಕೂತು ಬೂಟಿನ ಕೆಸರು ಕೆರೆಯುತ್ತ ಹೋಗಿಬರುವವರಿಗೆಲ್ಲ ಹೇಳುತ್ತಿದ್ದರು. "ಊರಿನ ರಸ್ತೆನೆಲ್ಲ ಪೆನ್ಸಿಲ್ಲಲ್ಲೇ ಮಾಡ್ಸಿದ್ಲು. ನನ್ನ ಬೂಟು ಮಾತ್ರ ಕೆಸರಲ್ಲೇ ಇದೆ ನೋಡ್ರಿ."

"ಹೆಸರು ಹಾಕಲಾ?" ಎಂದು ಒಳಗಿನಿಂದ ದನಿ ಬಂತು.

"ಬೇಡಮ್ಮ, ತಾಯಿ," ಎಂದು ಕ್ಲಿಯೋಫಸ್ ಇನ್ನೊಂದು ಬೂಟು ಕೈಗೆತ್ತಿಕೊಂಡರು.